ಏವಿಂದುರನ ಹೌದು

ಏವಿಂದುರ್ 'ಹೌದು' ಎನ್ನುವಾಗ ಉಸಿರನ್ನು ಹೊರಗೆ ಬಿಡುತ್ತಿರಲಿಲ್ಲ, ಒಳಗೆ ಎಳೆದುಕೊಳ್ಳುತ್ತಿದ್ದ. 'ಯೌ' ಎಂಬ ಅವನ ಭಾಷೆಯ ಆ ಪುಟ್ಟ ಪದ ಬಾಯಿಂದ ಆಚೆ ಬರುವ ಬದಲು ಗಂಟಲೊಳಗೆ ಇಳಿದುಹೋಗುತ್ತಿತ್ತು. ತಣ್ಣೀರಿಗೆ ಕಾಲಿಟ್ಟವರು 'ಹ್ಹಾ' ಎಂದು ಉಸಿರೆಳೆಯುತ್ತಾರಲ್ಲ, ಹಾಗೆ. ತುಮಕೂರಿನಿಂದ ಆರು ತಿಂಗಳ ಮಟ್ಟಿಗೆ ಸಿಡ್ನಿಯ ಗಿರಾವೀನ್ ಬಡಾವಣೆಯ ನಮ್ಮ ಮನೆಗೆ ಬಂದಿದ್ದ ಅಮ್ಮ, ಬೇಲಿಯಾಚೆ ನಿಂತಿದ್ದ ಈ ಬಿಳಿಗಡ್ಡದ ಉದ್ದನೆಯ ಮನುಷ್ಯನಿಗೆ ಲೋಟ ತೋರಿಸಿ "ಕಾಫಿ?" ಎಂದಿದ್ದಳು. ಅವನು ಹೌದೆಂದ. ಅಮ್ಮ ಲೋಟವನ್ನು ನನ್ನ ಕೈಗೆ ತುರುಕಿ, "ಎದೆ ಹಿಡ್ಕೊಂಡಿದೆ ಕಣೇ ಆತನಿಗೆ, ಯಾರನ್ನಾದ್ರೂ ಕರಿ" ಎಂದು ನೀರು ತರಲು ಓಡಿದಳು.

ತನ್ನ ದೇಶದಲ್ಲಿ ಎಲ್ಲರೂ ಹೀಗೇ ಹೌದೆನ್ನುತ್ತಾರೆ, ತನ್ನ ತಾಯಿ, ಚರ್ಚಿನ ಪಾದ್ರಿ, ಬ್ಯಾಂಕಿನ ಹುಡುಗಿ ಎಲ್ಲರೂ ಎಂದು ಅವನು ವಿವರಿಸಿದ. ಅಮ್ಮ ನಂಬಲಿಲ್ಲ. ಒಂದಿಡೀ ದೇಶಕ್ಕೇ ಉಬ್ಬಸವಿದ್ದರೆ ಪಾಪ ಅವರೇನು ಮಾಡಬೇಕು ಎಂದು ದಿನಾ ಬೆಳಿಗ್ಗೆ ಶುಂಠಿ ಮೆಣಸಿನ ಕಷಾಯ ಮಾಡಿ ಬೇಲಿಯ ಮೇಲಿಂದ ದಾಟಿಸತೊಡಗಿದಳು. ಅದು ಭಾರತೀಯರು ನೆರೆಯವರಿಗೆ ಮಾಡುವ ಮರ್ಯಾದೆಯೆಂದು ತಿಳಿದು ಅವನು ಆರು ತಿಂಗಳೂ ಕಣ್ಣಲ್ಲಿ ನೀರು ತುಂಬಿಕೊಂಡು ಕುಡಿದ. ಅವನ ಹೆಸರು ಅಮ್ಮನ ಬಾಯಲ್ಲಿ ಗೋವಿಂದಪ್ಪ ಎಂದಾಯಿತು. ಅದಕ್ಕೂ ಅವನು ಉಸಿರೆಳೆದುಕೊಂಡೇ ಒಪ್ಪಿದ.

ವಯಸ್ಸಿನಲ್ಲಿ ನನಗಿಂತ ಇಪ್ಪತ್ತು ವರ್ಷ ದೊಡ್ಡವನನ್ನು ಏಕವಚನದಲ್ಲಿ ಬರೆಯುತ್ತಿದ್ದೇನೆ. ಅದು ಅವನದೇ ಅಪ್ಪಣೆ. ಅವರಲ್ಲಿ ದೇಶದ ಅಧ್ಯಕ್ಷರನ್ನೂ ಬರೀ ಹೆಸರು ಹಿಡಿದೇ ಕರೆಯುತ್ತಾರಂತೆ. ಮನೆತನದ ಹೆಸರೆಂಬುದಿಲ್ಲ, ಹೆಸರಿನ ಹಿಂದೆ ಅಪ್ಪನ ಹೆಸರು, ಅಷ್ಟೇ. "ಹಾಗಾದ್ರೆ ನಮ್ಮ ಹಾಗೇ" ಎಂದಿದ್ದೆ. ವೀಸಾ ಅರ್ಜಿಯಲ್ಲಿ ಸರ್‌ನೇಮ್ ಎಂಬ ಖಾಲಿ ಜಾಗದ ಮುಂದೆ ಒದ್ದಾಡಿದ ನಮ್ಮಿಬ್ಬರ ಕತೆಗಳೂ ಒಂದೇ ಆಗಿದ್ದವು. ನಮ್ಮ ಸ್ನೇಹ ಶುರುವಾದದ್ದು ಅಲ್ಲಿಂದ.

ಅವನು ಐಸ್‌ಲ್ಯಾಂಡಿನ ಸಿನಿಮಾ ಮತ್ತು ಟೀವಿ ನಟ. ಅಲ್ಲಿ ಒಂದು ಧಾರಾವಾಹಿಯಲ್ಲಿ ಒಂಬತ್ತು ವರ್ಷ ಹಳ್ಳಿಯ ಪೊಲೀಸನಾಗಿದ್ದ. ಅವರ ದೇಶದ ಜನರನ್ನೆಲ್ಲ ತಂದು ಕೂರಿಸಿದರೂ ಅರ್ಧ ಮೈಸೂರು ತುಂಬುವುದಿಲ್ಲ, ಹಾಗಾಗಿ ಅವನನ್ನು ಕಾಣದವರೇ ಇರಲಿಲ್ಲ. ಈಜುಕೊಳದ ಬಿಸಿನೀರಿನಲ್ಲಿ ಕೂತಿದ್ದರೆ ಜನ ಬಂದು ತಮ್ಮ ಕಳೆದುಹೋದ ಸೈಕಲ್ಲಿನ ದೂರು ಕೊಡುತ್ತಿದ್ದರಂತೆ. "ನೀನೇನು ಮಾಡ್ತಿದ್ದೆ?" ಎಂದು ಕೇಳಿದರೆ, "ಬಣ್ಣ ಯಾವುದು ಅಂತ ಕೇಳಿ ಬರ್ಕೊಳ್ತಿದ್ದೆ. ಅವರು ಅಷ್ಟು ನಂಬಿ ಬಂದಿರ್ತಾರೆ" ಎನ್ನುತ್ತಿದ್ದ. ಭೂಕಂಪದ ಅಧ್ಯಯನ ಮಾಡುವ ಹೆಂಡತಿಗೆ ಸಿಡ್ನಿಯಲ್ಲಿ ಕೆಲಸ ಸಿಕ್ಕಾಗ ಅವಳ ಹಿಂದೆ ಬಂದ. ಎರಡು ವರ್ಷಕ್ಕೆ ಆ ಮದುವೆ ಮುರಿಯಿತು. ವಾಪಸು ಹೋದರೆ ಈಜುಕೊಳದಲ್ಲಿ ಇಡೀ ದೇಶ ಏನಾಯಿತೆಂದು ಕೇಳುತ್ತದೆ ಎಂಬ ಭಯಕ್ಕೆ ನಮ್ಮ ಪಕ್ಕದ ಮನೆಯ ಹಿತ್ತಿಲಿನ ಗ್ರಾನಿ ಫ್ಲಾಟ್ ಎಂಬ ಪುಟ್ಟ ಬಾಡಿಗೆ ಮನೆಯಲ್ಲಿ ಉಳಿದುಕೊಂಡ.

ಸಿಡ್ನಿ ಅವನಿಗೆ ಸಾಯುವ ಕೆಲಸ ಕೊಟ್ಟಿತು. ಉಚ್ಚಾರ ಕೇಳಿದ ಕೂಡಲೇ ಇಲ್ಲಿನವರಿಗೆ ಅವನು ರಷ್ಯದ ಕಳ್ಳಸಾಗಣೆದಾರ, ಇಲ್ಲವೇ ಜರ್ಮನ್ ವಿಜ್ಞಾನಿ, ಅದೂ ಇಲ್ಲವಾದರೆ ಎಲ್ಲಿಯದೆಂದು ಯಾರೂ ಹೇಳದ ಬಾಡಿಗೆ ಕೊಲೆಗಾರ. ಬಾಲ್ಕನಿಯಿಂದ ಬಿದ್ದ, ವಿಷ ಕುಡಿದ, ಒಮ್ಮೆ ಮೊಸಳೆಯ ಬಾಯಿಗೂ ಹೋದ. ನನಗೆ ಪರಿಚಯವಾಗುವ ಹೊತ್ತಿಗೆ ಹನ್ನೊಂದು ಸಲ ಸತ್ತಿದ್ದ. "ಲತಾ, ನಾನು ಈ ದೇಶಕ್ಕೆ ಬದುಕೋಕೆ ಬಂದೆ. ಇವರು ಸಾಯೋಕೆ ಮಾತ್ರ ಕರೀತಾರೆ" ಎಂದು ಸಕ್ಕರೆಯ ತುಂಡನ್ನು ಹಲ್ಲಿನ ನಡುವೆ ಕಚ್ಚಿಕೊಂಡು, ಅದರ ಮೂಲಕವೇ ಕಪ್ಪು ಕಾಫಿ ಹೀರುತ್ತ ಹೇಳುತ್ತಿದ್ದ. ತನ್ನ ಒಂದು ಸಾವನ್ನೂ ಅವನು ಪರದೆಯ ಮೇಲೆ ನೋಡಿರಲಿಲ್ಲ. ತನ್ನನ್ನು ತಾನು ನೋಡಿಕೊಳ್ಳುವ ನಟ ಎರಡನೇ ಸಲ ಸುಳ್ಳು ಹೇಳುತ್ತಾನೆ ಎಂಬುದು ಅವನ ನಂಬಿಕೆ. ಮೂವತ್ತು ವರ್ಷದಿಂದ ನೋಡಿಲ್ಲ ಎನ್ನುತ್ತಿದ್ದ.

ನಮ್ಮವರಿಗೆ ಅವನನ್ನು ಪರಿಚಯಿಸುವುದು ದೊಡ್ಡ ಫಜೀತಿ. ಮನೆಗೆ ಊಟಕ್ಕೆ ಬಂದವರು ಆಕ್ಟರ್ ಎಂದ ತಕ್ಷಣ ಕಣ್ಣರಳಿಸಿ "ಓ, ಹಾಲಿವುಡ್ಡಾ?" ಎನ್ನುವರು. ಅಲ್ಲ ಎಂದರೆ ಮುಖ ಹಪ್ಪಳದ ತಟ್ಟೆಯ ಕಡೆ ತಿರುಗುತ್ತಿತ್ತು. ನನ್ನ ಗಂಡ ಸತೀಶನಂತೂ ಅವನ ಬಗ್ಗೆ ಕೇಳಿದ ಒಂದೇ ಪ್ರಶ್ನೆ, "ಪಿಆರ್ ಇದೆಯಂತಾ?" ಇಲ್ಲೇ ಕಾಯಮ್ಮಾಗಿ ಇರುವ ಪರವಾನಗಿ ಇದೆ ಎಂದು ತಿಳಿದ ಮೇಲೆ ಅವನ ಚಿಂತೆ ಬಿಟ್ಟ. ಮಗಳು ಅನಘಾ ಮಾತ್ರ ಶಾಲೆಯಿಂದ ಬಂದವಳೇ ಬೇಲಿಗೆ ಜೋತುಬೀಳುತ್ತಿದ್ದಳು. ನಾನು ಕನ್ನಡದಲ್ಲಿ ಕೇಳಿದ್ದಕ್ಕೆಲ್ಲ ಇಂಗ್ಲಿಷಿನಲ್ಲಿ ಉತ್ತರಿಸುವ ಆ ಹುಡುಗಿ, ಒಂದು ದಿನ "ಹೋಮ್‌ವರ್ಕ್ ಆಯ್ತಾ?" ಎಂದರೆ 'ಯೌ' ಎಂದು ಉಸಿರು ಒಳಗೆಳೆದಳು. ಹತ್ತು ವರ್ಷ ಹೇಳಿಕೊಟ್ಟರೂ 'ಹೂಂ' ಎನ್ನದವಳು! ನನಗೆ ಉರಿದುಹೋಯಿತು. ಏವಿಂದುರ್ ಅಂದು ಸಂಜೆಯೆಲ್ಲ ಖುಷಿಯಲ್ಲಿದ್ದ.

ಅವನ ಕಸುಬಿನಲ್ಲಿ ನನಗೂ ಒಂದು ಜಾಗ ಸಿಕ್ಕಿದ್ದು ಸೆಲ್ಫ್ ಟೇಪಿನಿಂದ. ಈಗ ಪಾತ್ರ ಬೇಕಾದ ನಟರನ್ನು ಯಾರೂ ಎದುರಿಗೆ ಕರೆಸುವುದಿಲ್ಲ. ಎರಡು ಪುಟ ಸಂಭಾಷಣೆ ಕಳಿಸುತ್ತಾರೆ, ನಟ ಮನೆಯಲ್ಲೇ ವೀಡಿಯೊ ಮಾಡಿ ಕಳಿಸಬೇಕು. ಎದುರು ಪಾತ್ರದ ಮಾತನ್ನು ಕ್ಯಾಮೆರಾದ ಹಿಂದೆ ನಿಂತು ಯಾರಾದರೂ ಓದಬೇಕು. ಅವರನ್ನು ರೀಡರ್ ಎನ್ನುತ್ತಾರೆ. ನಾನು ಅವನ ರೀಡರ್ ಆದೆ. ಶನಿವಾರ ಬೆಳಿಗ್ಗೆ ನಮ್ಮ ಗ್ಯಾರೇಜಿನ ಬಾಗಿಲಿಗೆ ಬೂದು ಕಂಬಳಿ ಕಟ್ಟಿ, ಫೋನನ್ನು ಅಕ್ಕಿ ಡಬ್ಬದ ಮೇಲಿಟ್ಟು, ಪತ್ತೇದಾರಳಾಗಿ, ಕೊಲೆಯಾಗುವ ಹೆಂಡತಿಯಾಗಿ, ಕಸ್ಟಮ್ಸ್ ಅಧಿಕಾರಿಯಾಗಿ ಓದಿದೆ. "ಆಕ್ಟ್ ಮಾಡಬೇಡ ಲತಾ. ಉಪ್ಪಿಟ್ಟು ಬೇಕಾ ಅಂತ ಕೇಳ್ತೀಯಲ್ಲ, ಹಾಗೆ ಕೇಳು" ಎನ್ನುತ್ತಿದ್ದ.

ವಾರವಿಡೀ ನಾರ್ತ್ ಸಿಡ್ನಿಯ ಆಫೀಸಿನಲ್ಲಿ ನನ್ನ ಕೆಲಸ ಸಾಫ್ಟ್‌ವೇರ್ ಟೆಸ್ಟಿಂಗ್. ಬೇರೆಯವರು ಮಾಡಿದ್ದರಲ್ಲಿ ತಪ್ಪು ಹುಡುಕಿ ಪಟ್ಟಿ ಮಾಡುವುದಕ್ಕೆ ನನಗೆ ಸಂಬಳ. ಅದರಲ್ಲಿ ನಾನು ಒಳ್ಳೆಯವಳು, ಸುಳ್ಳೇಕೆ ಹೇಳಲಿ. ಶನಿವಾರವೇ ಅಕ್ಕಪಕ್ಕದವರ ಹುಲ್ಲು ಕತ್ತರಿಸುವ ಯಂತ್ರಗಳ ಗದ್ದಲವಾದ್ದರಿಂದ ಟೇಪಿನ ಶಬ್ದ ಶುದ್ಧ ಮಾಡುವ ಒಂದು ತಂತ್ರಾಂಶ ಕಲಿತೆ. ಮೋಟಾರಿನ ಸದ್ದು, ಮೈನಾಗಳ ಜಗಳ, ಸತೀಶನ ಕುಕ್ಕರಿನ ಸೀಟಿ ಎಲ್ಲ ತೆಗೆದುಹಾಕಿ, ಕತ್ತರಿಸಿ, ಜೋಡಿಸಿ, ಅವನ ಪರವಾಗಿ ನಾನೇ ಕಳಿಸುತ್ತಿದ್ದೆ. ಅವನು ತನ್ನನ್ನು ನೋಡಿಕೊಳ್ಳುವುದಿಲ್ಲವಲ್ಲ, ಕಳಿಸುವ ಮೊದಲು ತೋರಿಸುವ ಪ್ರಶ್ನೆಯೇ ಇರಲಿಲ್ಲ.

ಒಮ್ಮೆ ಯಾವುದೋ ವಿಮೆಯ ಜಾಹೀರಾತಿಗೆ ಅಜ್ಜನ ಪಾತ್ರಕ್ಕೆ ಟೇಪ್ ಕಳಿಸಿದ್ದೆವು. ಅಪರೂಪಕ್ಕೆ ಸಾಯದ ಪಾತ್ರ. ಮೊಮ್ಮಗ ಕೇಳಿದ್ದಕ್ಕೆ ಅಜ್ಜ ಹೌದೆನ್ನಬೇಕು. ಅಲ್ಲಿಂದ ಉತ್ತರ ಬಂತು: ಮುಖ ಚೆನ್ನಾಗಿದೆ, ಆದರೆ ಅವರಿಗೆ ಉಸಿರಾಟದ ತೊಂದರೆಯೇನಾದರೂ ಇದೆಯೆ? ಏವಿಂದುರ್ ಬಿದ್ದು ಬಿದ್ದು ನಕ್ಕ. "ನಿನ್ನಮ್ಮನ ಕಷಾಯ ಕಳಿಸೋಣ" ಎಂದ. ನಾನು ನಗಲಿಲ್ಲ. ಟೆಸ್ಟರ್ ಬುದ್ಧಿ, ಅದನ್ನು ದೋಷವೆಂದು ತಲೆಯಲ್ಲಿ ಬರೆದುಕೊಂಡೆ.

ನಾವು ನೆರೆಯವರಾದ ಆರನೇ ವರ್ಷ ಆ ಪಾತ್ರ ಬಂತು. ಮೆಲ್ಬರ್ನಿನಲ್ಲಿ ತಯಾರಾಗಲಿದ್ದ ಒಂದು ಸರಣಿ. ಮಗಳನ್ನು ಹುಡುಕಿಕೊಂಡು ಐಸ್‌ಲ್ಯಾಂಡಿನಿಂದ ಬರುವ ಮುದಿ ಮೀನುಗಾರನ ಕತೆ. ಎಂಟು ಕಂತುಗಳಲ್ಲೂ ಅವನಿದ್ದಾನೆ. ಆ ಬೆಳಿಗ್ಗೆ ಏವಿಂದುರ್ ಬರಿಗಾಲಲ್ಲಿ ಬೇಲಿ ದಾಟಿ ಬಂದು ಅಡುಗೆಮನೆಯ ಬಾಗಿಲಲ್ಲಿ ನಿಂತ. ಕೈಯಲ್ಲಿದ್ದ ಹಾಳೆಗಳನ್ನು ನನ್ನತ್ತ ಚಾಚಿದ.

"ಲತಾ, ಇವನು ಸಾಯಲ್ಲ."

"ಕೊನೇ ಕಂತಿನಲ್ಲೂ?"

"ಇಲ್ಲ. ಕೊನೇಲಿ ಮಗಳ ಮನೇಲಿ ಪಾತ್ರೆ ತೊಳೀತಾನೆ."

ಇದೇ ಕೊನೆ, ಇದೂ ಹೋದರೆ ತಾನಿಲ್ಲಿ ಬಂದು ಕೂತ ವರ್ಷಗಳಿಗೆ ಅರ್ಥವಿಲ್ಲ ಎಂಬುದು ಅವನ ಮುಖ ನೋಡಿದ ಯಾರಿಗಾದರೂ ತಿಳಿಯುತ್ತಿತ್ತು. ಎರಡು ವಾರ ಅಭ್ಯಾಸ ಮಾಡಿದ. ಅಭ್ಯಾಸವೆಂದರೆ ಏನು, ಪಾತ್ರಕ್ಕೆ ಮಾತೇ ಇರಲಿಲ್ಲ! ನಾನು ಮಗಳಾಗಿ ನಾಲ್ಕು ಪ್ರಶ್ನೆ ಕೇಳಬೇಕು: ಊಟ ಮಾಡಿದೆಯಾ, ಚಳಿಯಾಗುತ್ತಿದೆಯಾ, ಅಮ್ಮ ಸಾಯುವಾಗ ನೀನು ಪಕ್ಕದಲ್ಲಿದ್ದೆಯಾ, ನನ್ನನ್ನು ನೆನೆಸಿಕೊಂಡಳಾ. ನಾಲ್ಕಕ್ಕೂ ಅವನ ಉತ್ತರ 'ಯೌ'. ಉಸಿರು ಒಳಗೆ. ಪ್ರತಿಯೊಂದರ ಮುಂದೆಯೂ ಒಂದಿಷ್ಟು ಹೊತ್ತು ಸುಮ್ಮನೆ ನಿಲ್ಲುತ್ತಿದ್ದ. ಕೊನೆಯ 'ಯೌ' ಎಂದಾಗ ಅವನು ಆ ಪ್ರಶ್ನೆಯನ್ನೇ ನುಂಗಿಕೊಂಡಂತೆ ಕಾಣುತ್ತಿತ್ತು. ಅದು ಸುಳ್ಳಿನ 'ಹೌದು', ತಾಯಿ ಆ ಮಗಳನ್ನು ನೆನೆಸಿಕೊಂಡಿರಲಿಲ್ಲ ಎಂದು ಈಗ ನನಗೆ ಅರ್ಥವಾಗಿದೆ. ಆಗ ನಾನು ಮಾಡುತ್ತಿದ್ದುದು ಫೋನಿನ ಬ್ಯಾಟರಿ ನೋಡುವುದು.

ಒಂದೇ ಸಲಕ್ಕೆ ಮುಗಿಸಿ, "ಸಾಕು, ಇದೇ" ಎಂದು ಮನೆಗೆ ಹೋದ.

ಮಧ್ಯಾಹ್ನ ನಾನು ಲ್ಯಾಪ್‌ಟಾಪ್ ತೆಗೆದು ಕೂತೆ. ಯಾರೋ ಎಲೆ ಊದುವ ಯಂತ್ರ ಹಾಕಿದ್ದರು, ಅದನ್ನು ತೆಗೆದೆ. ಆಮೇಲೆ ಆ ನಾಲ್ಕು ಉಸಿರುಗಳು ಕಿವಿಗೆ ಹೊಡೆದವು. ವಿಮೆಯವರ ಮಾತು ನೆನಪಾಯಿತು. ಎಂಟು ಕಂತಿನ ಪಾತ್ರಕ್ಕೆ ದಮ್ಮಿನ ರೋಗಿಯನ್ನು ಯಾರು ತೆಗೆದುಕೊಳ್ಳುತ್ತಾರೆ ಎಂದುಕೊಂಡೆ. ತಂತ್ರಾಂಶಕ್ಕೆ ಅದು ಉಸಿರೋ ಯಂತ್ರವೋ ಗೊತ್ತಾಗುವುದಿಲ್ಲ. ಗುರುತು ಮಾಡಿ ತೋರಿಸಿದೆ, ಅಳಿಸಿತು. ತುಟಿ ಒಂದಿಷ್ಟು ಅಲುಗಿ, ಅವನು ಸುಮ್ಮನೆ ತಲೆಯಾಡಿಸಿದಂತೆ ಉಳಿಯಿತು. ಮೌನಗಳನ್ನೂ ಅರ್ಧ ಕತ್ತರಿಸಿದೆ, ಬೇಗ ಬೇಗ ಸಾಗಲಿ ಎಂದು. ನೋಡಿದೆ. ಚೊಕ್ಕವಾಗಿತ್ತು. ನನ್ನ ಕೆಲಸದ ಬಗ್ಗೆ ನನಗೇ ಹೆಮ್ಮೆಯಾಯಿತು. ಕಳಿಸಿದೆ.

ಮೂರು ವಾರದ ಮೇಲೆ, ಅವನಿಗೆ ಪಾತ್ರ ಹುಡುಕಿಕೊಡುವ ಏಜೆಂಟಳ ಇಮೇಲ್ ಬಂತು. ಅವನು ಬೇಲಿಯ ಬಳಿ ನಿಂತು ಜೋರಾಗಿ ಓದಿದ. ನಿರ್ದೇಶಕಿಗೆ ನಟ ಇಷ್ಟವಾದ, ಆದರೆ ಅವನಲ್ಲಿ ಐಸ್‌ಲ್ಯಾಂಡ್ ಕಾಣಲಿಲ್ಲ. ಅಪರಾಧ ಸರಣಿಗಳಲ್ಲಿ ಬರುವ ಯಾವುದೋ ಯೂರೋಪಿಯನ್ನನ ಹಾಗಿದ್ದಾನೆ. "ನನ್ನಲ್ಲಿ ಐಸ್‌ಲ್ಯಾಂಡ್ ಇಲ್ಲವಂತೆ ಲತಾ" ಎಂದು ನಕ್ಕ. ಮಾರನೆಯ ದಿನವೂ ಅದನ್ನೇ ಹೇಳಿ ನಕ್ಕ. ಆಮೇಲೆ ಒಂದು ವಾರ ಅವನ ಬಾಗಿಲು ತೆರೆಯಲಿಲ್ಲ. ಬಾಗಿಲ ಮುಂದೆ ಇಟ್ಟುಬಂದ ಅನ್ನ ಸಾರು ಹಾಗೇ ಇರುತ್ತಿತ್ತು.

ಅವನು ಓದಿದ ದಿನವೇ ನಾನು ಒಳಗೆ ಬಂದು ಎರಡೂ ಟೇಪುಗಳನ್ನು ಅಕ್ಕಪಕ್ಕ ಇಟ್ಟು ನೋಡಿದ್ದೆ. ನಾನು ಕಳಿಸಿದ್ದರಲ್ಲಿ ತಲೆಯಾಡಿಸುವ ಒಬ್ಬ ಮುದುಕನಿದ್ದ. ಮೂಲದಲ್ಲಿದ್ದವನನ್ನು ಐದು ನಿಮಿಷ ನೋಡಿ ನಾನು ಅತ್ತೆ. ತಪ್ಪು ಎಲ್ಲಿ ಆಯಿತೆಂದು ಹುಡುಕುವುದೇ ನನ್ನ ಕಸುಬು, ಹುಡುಕಲು ಎರಡು ನಿಮಿಷ ಸಾಕಾಯಿತು. ಆ ಹೊತ್ತಿಗೆ ಪಾತ್ರ ಇನ್ನೂ ಯಾರಿಗೂ ಹೋಗಿರಲಿಲ್ಲ ಎಂದೂ ಆ ಇಮೇಲಿನಲ್ಲೇ ಇತ್ತು. ಮೂಲ ಟೇಪನ್ನು ಲಗತ್ತಿಸಿ ನಾಲ್ಕು ಸಾಲು ಬರೆದಿದ್ದರೆ ಆಗುತ್ತಿತ್ತು. ಬರೆದೆ ಕೂಡ. ಡ್ರಾಫ್ಟಿನಲ್ಲಿ ಬಿಟ್ಟೆ. ಕಳಿಸಿದರೆ ಅವನಿಗೆ ಗೊತ್ತಾಗುತ್ತದೆ, ಗೊತ್ತಾದರೆ ನಾನು ಅವನ ಕಣ್ಣಲ್ಲಿ ಏನಾಗುತ್ತೇನೆ ಎಂಬುದೊಂದೇ ನನ್ನ ತಲೆಯಲ್ಲಿದ್ದದ್ದು. ಅವನ ಎಂಟು ಕಂತುಗಳಿಗಿಂತ ನನ್ನ ಒಳ್ಳೆಯತನದ ಹೆಸರು ನನಗೆ ಹೆಚ್ಚಾಯಿತು. ಹೇಡಿತನಕ್ಕೆ ಇದಕ್ಕಿಂತ ಸಭ್ಯವಾದ ಹೆಸರು ನನಗೆ ಗೊತ್ತಿಲ್ಲ.

ಆ ವರ್ಷವೇ ಸತೀಶನ ಆಫೀಸು ಅವನನ್ನು ಮೆಲ್ಬರ್ನಿಗೆ ಹಾಕಿತು. ಸಿಡ್ನಿಯಲ್ಲಿ ಕೈಗೆಟುಕದ ಮನೆ ಆ ಊರಿನ ಅಂಚಿನ ಕ್ಲೈಡ್ ನಾರ್ತಿನಲ್ಲಿ ಎಟುಕಿತು. ಹೊಸ ಬಡಾವಣೆ, ಬೆರಳು ಗಾತ್ರದ ಗಿಡಗಳು, ಮೂರು ಬಾಗಿಲಿಗೊಂದು ಮಾವಿನೆಲೆಯ ಪ್ಲಾಸ್ಟಿಕ್ ತೋರಣ. ಮಾರ್ಟ್‌ಗೇಜು, ಪರದೆ, ಮಗಳ ಶಾಲೆ ಎಂದು ನಾನು ಸುಖವಾಗಿ ಗಡಿಬಿಡಿಯಲ್ಲಿದ್ದೆ. ಮರೆತೆ ಎಂದು ಹೇಳುವಷ್ಟು ನಾಚಿಕೆಗೆಟ್ಟಿಲ್ಲ. ಆದರೆ ಮರೆಯಲು ಪ್ರಯತ್ನ ಮಾಡಿದೆ.

ಏಳು ತಿಂಗಳ ಮೇಲೆ ಏವಿಂದುರ್ ಫೋನ್ ಮಾಡಿದ. ಅದೇ ಸರಣಿಗೆ ಅವನನ್ನು ಮೆಲ್ಬರ್ನಿಗೆ ಕರೆಸಿದ್ದರು, ನಟನಾಗಿ ಅಲ್ಲ. ಮೀನುಗಾರನ ಪಾತ್ರ ಸಿಕ್ಕಿದ್ದು ಇಲ್ಲಿಯೇ ಹುಟ್ಟಿ ಬೆಳೆದ ಹೆಸರುವಾಸಿ ನಟನೊಬ್ಬನಿಗೆ. ಅವನಿಗೆ ಐಸ್‌ಲ್ಯಾಂಡಿನವನ ಹಾಗೆ ಮಾತಾಡುವುದನ್ನು ಏವಿಂದುರ್ ಹೇಳಿಕೊಡಬೇಕು. "ಒಪ್ಪಿಕೊಂಡೆಯಾ?" ಎಂದೆ. "ಮನೇಲಿ ಕೂತು ನಗೋದಕ್ಕಿಂತ ವಾಸಿ. ನಿಮ್ಮ ಮನೇಲಿ ಎರಡು ದಿನ ಇರಬಹುದಾ?" ಎಂದ. ಬೇಡ ಎನ್ನಲು ನನ್ನಲ್ಲಿ ಯಾವ ನೆವವೂ ಇರಲಿಲ್ಲ.

ಮೊದಲ ದಿನದ ಪಾಠ ಮುಗಿಸಿ ಅವನು ನಮ್ಮ ಮನೆಗೆ ಬಂದಾಗ ಸಂಜೆ ಏಳು, ಬೇಸಿಗೆಯಾದ್ದರಿಂದ ಬಿಸಿಲು ಇನ್ನೂ ಅಂಗಳದಲ್ಲೇ ಇತ್ತು. ಅನಘಾ ತಬ್ಬಿಕೊಂಡಳು. ಅವನು ಬಿಸಿಬೇಳೆಬಾತನ್ನು ಸುಮ್ಮನೆ ತಿಂದ. ಮಗಳು ಎದ್ದುಹೋಗುವವರೆಗೂ ಕಾದು, ತಟ್ಟೆಯನ್ನು ಪಕ್ಕಕ್ಕೆ ಸರಿಸಿದ.

"ಆ ನಟನಿಗೆ ಎಲ್ಲಾ ಬಂತು. ನಮ್ಮ 'ಯೌ' ಬರಲಿಲ್ಲ. ಕೆಮ್ಮು ಬರ್ತಿತ್ತು. ಇಡೀ ದಿನ ಅದನ್ನೇ ಹೇಳಿಕೊಟ್ಟೆ. ನಿರ್ದೇಶಕಿ ಕೂತು ನೋಡ್ತಿದ್ದಳು. ಅವಳ ಅಜ್ಜಿ ನಮ್ಮ ದೇಶದವಳಂತೆ. 'ನಮ್ಮಜ್ಜಿ ಹೀಗೇ ಅಂತಿದ್ದಳು. ನಿಮ್ಮ ಟೇಪಿನಲ್ಲಿ ಅದನ್ನೇ ಹುಡುಕಿದೆ, ಸಿಗಲಿಲ್ಲ' ಅಂದಳು."

ಸತೀಶ ನನ್ನ ಮುಖ ನೋಡಿದ. ನಾನು ನೀರಿನ ಜಗ್ಗನ್ನು ನೋಡುತ್ತಿದ್ದೆ.

"ನಾನು ಜಗಳ ಆಡಿದೆ ಲತಾ. ನಾಲ್ಕು ಸಲ ಇದೆ, ಸರಿಯಾಗಿ ನೋಡು ಅಂದೆ. ಅವಳು ಟೇಪ್ ಹಾಕಿ ತೋರಿಸಿದಳು. ಆ ನಟನ ಮುಂದೆ. ಪೂರ್ತಿ ನೋಡಿದೆ."

ಮೂವತ್ತು ವರ್ಷ ತನ್ನನ್ನು ನೋಡಿಕೊಳ್ಳದ ಮನುಷ್ಯ ಮೊದಲ ಸಲ ನೋಡಿದ್ದು ನಾನು ತಯಾರಿಸಿದ ಏವಿಂದುರನನ್ನು. ಉಬ್ಬಸ ಅಂದುಕೊಳ್ಳುತ್ತಾರೆ ಅಂತ, ವಿಮೆಯವರು ಹಾಗಂದಿದ್ದರಲ್ಲ ಅಂತ, ನಿನಗೆ ಒಳ್ಳೆಯದಾಗಲಿ ಅಂತ ಎಂದು ಏನೇನೋ ತೊದಲಿದೆ. ಅವನು ಕೈಯೆತ್ತಿ ತಡೆದ.

"ಅದು ನನಗೆ ಅರ್ಥ ಆಗುತ್ತೆ. ತಪ್ಪು ಅನಿಸಿದ್ದನ್ನ ತೆಗೆಯೋದು ನಿನ್ನ ಕೆಲಸ. ಮೂಲ ಇದೆಯಾ?"

"ಇದೆ."

"ಇದರಿಂದಲೇ ಹೋಯ್ತು ಅಂತ ನಿನಗೆ ಯಾವಾಗ ಗೊತ್ತಾಯ್ತು?"

ಸುಳ್ಳು ಹೇಳಬಹುದಿತ್ತು. ಈಗ, ನೀನು ಹೇಳಿದ ಮೇಲೆ ಎಂದರೆ ನಂಬುತ್ತಿದ್ದ. ಸೈಕಲ್ಲಿನ ಬಣ್ಣ ಕೇಳಿ ಬರೆದುಕೊಂಡ ಮನುಷ್ಯ ಅವನು.

"ನೀನು ಮೇಲ್ ಓದಿದ ದಿನವೇ" ಎಂದೆ.

ಅವನು ಎದ್ದ. ತನ್ನ ತಟ್ಟೆಯನ್ನು, ನನ್ನದನ್ನು, ಸತೀಶನದನ್ನು ಸಿಂಕಿಗೆ ಒಯ್ದು ನಿಧಾನವಾಗಿ ತೊಳೆದ. ಬಿಡು, ಡಿಶ್‌ವಾಷರ್ ಇದೆ ಎಂದು ಸತೀಶ ಹೇಳಿದ್ದು ಅವನಿಗೆ ಕೇಳಿಸಲಿಲ್ಲವೇನೋ. ಒರೆಸಿ ಜೋಡಿಸಿಟ್ಟು, ನಾಳೆ ವಿಮಾನಕ್ಕೆ ಬಿಡುತ್ತೀಯಾ ಎಂದು ಕೇಳಿ ಕೋಣೆಗೆ ಹೋದ. ಇನ್ನೊಂದು ದಿನದ ಪಾಠ ಬಾಕಿಯಿತ್ತು. ಅದಕ್ಕೆ ಅವನು ಹೋಗಲಿಲ್ಲ.

ಸರಣಿ ಮರುವರ್ಷ ಬಂತು. ನಾನು ಎಂಟೂ ಕಂತು ನೋಡಿದೆ, ಶಿಕ್ಷೆ ಅನುಭವಿಸುವವಳ ಹಾಗೆ. ಆ ಹೆಸರುವಾಸಿ ನಟನ 'ಯೌ' ಕೆಟ್ಟದಾಗಿತ್ತು. ಬಿಕ್ಕಳಿಕೆ ಬಂದವನ ಹಾಗೆ. ಪತ್ರಿಕೆಗಳು ಬಹಳ ಹೊಗಳಿದವು. ಕೊನೆಯ ಹೆಸರುಗಳ ಪಟ್ಟಿಯಲ್ಲಿ ಅಡುಗೆಯವರ ಹೆಸರೂ ಇತ್ತು, ಏವಿಂದುರನದಿರಲಿಲ್ಲ. ಅಷ್ಟರಲ್ಲಿ ಅವನು ತನ್ನ ದೇಶಕ್ಕೆ ವಾಪಸು ಹೋಗಿದ್ದನೆಂದು ಗಿರಾವೀನಿನ ಹಳೆಯ ನೆರೆಯವರಿಂದ ತಿಳಿಯಿತು. ನಾನು ಕಳಿಸಿದ ಮೂಲ ಟೇಪಿಗೆ, ಮೂರು ಕ್ಷಮಾಪಣೆಯ ಇಮೇಲುಗಳಿಗೆ ಉತ್ತರ ಬರಲಿಲ್ಲ. ಅಮ್ಮ ಈಗಲೂ ಫೋನಿನಲ್ಲಿ "ನಿಮ್ಮ ಗೋವಿಂದಪ್ಪನಿಗೆ ಉಸಿರು ಹೇಗಿದೆಯೇ?" ಎಂದು ಕೇಳುತ್ತಾಳೆ. ಚೆನ್ನಾಗಿದೆ ಎನ್ನುತ್ತೇನೆ. ಅನಘಾ ನಾನು ಏನು ಕೇಳಿದರೂ ಉಸಿರೆಳೆದುಕೊಂಡೇ ಹೌದೆನ್ನುತ್ತಾಳೆ, ಮತ್ತು ನಾನು ಪ್ರತಿ ಸಲವೂ ಕೈಲಿದ್ದ ಕೆಲಸ ಬಿಟ್ಟು ನಿಲ್ಲುತ್ತೇನೆ.

ಅವನನ್ನು ಕೊನೆಯದಾಗಿ ಕಂಡದ್ದು ಆ ಮಾರನೆಯ ಬೆಳಿಗ್ಗೆ. ಕ್ಲೈಡ್ ನಾರ್ತಿನಿಂದ ವಿಮಾನ ನಿಲ್ದಾಣಕ್ಕೆ ಒಂದು ಗಂಟೆಗೂ ಮೀರಿದ ದಾರಿ. ಇಡೀ ದಾರಿ ಅವನು ಕಿಟಕಿಯಾಚೆ ಹೊಸ ಮನೆಗಳ ಚಾವಣಿಗಳನ್ನು ನೋಡುತ್ತಿದ್ದ. ನಿಲ್ದಾಣದ ಮುಂದೆ ಇಳಿದು ಚೀಲ ಹೆಗಲಿಗೇರಿಸಿದ. ನಾನೂ ಇಳಿದೆ. ನಿಲ್ಲಿಸುವ ಜಾಗವಲ್ಲ, ಹಿಂದಿನ ಕಾರಿನವನು ಹಾರ್ನ್ ಒತ್ತುತ್ತಿದ್ದ. ಇಡೀ ರಾತ್ರಿ ಜೋಡಿಸಿಕೊಂಡಿದ್ದ ಮಾತೆಲ್ಲ ಬಿದ್ದುಹೋಗಿ ಒಂದೇ ಉಳಿಯಿತು.

"ಏವಿಂದುರ್, ನಾವಿನ್ನೂ ಫ್ರೆಂಡ್ಸ್ ತಾನೆ?"

ಉಪ್ಪಿಟ್ಟು ಬೇಕಾ ಎಂದು ಕೇಳುವ ಹಾಗೇ ಕೇಳಿದ್ದೆ. ಅವನು ನನ್ನನ್ನು ಒಂದಿಷ್ಟು ಹೊತ್ತು ನೋಡಿದ. ಹಾರ್ನ್ ನಿಂತಿತ್ತು. ನಾನು ಕಿವಿಗೊಟ್ಟು ಕಾದೆ. ಅವನ ತುಟಿ ಒಂದಿಷ್ಟು ಅಲುಗಿತು, ತಲೆಯಾಡಿಸಿದ, ತಿರುಗಿ ಒಳಗೆ ಹೋದ. ಉಸಿರಿನ ಸದ್ದಿರಲಿಲ್ಲ.